ಸೊಸೆಯನ್ನು ಕೇಳಿಕೊಂಡು ಬರುವವರು

ವಸ್ತಾಪರದಲ್ಲಿ ನೇಕಾರ ದಲಿತರಾದ ವಣಕರ ಕೇರಿಗೆ ಕಾಲಿಟ್ಟರೆ ಮೊದಲು ಸಿಗುವುದೇ ಮೋಂಘಿಯ ಮನೆ. ಬೆಳಗ್ಗೆ ಎಮ್ಮೆ ಹಿಂಡುವ ಹೊತ್ತಿಗೆ ಶುರುವಾದರೆ ಬಿಸಿಲೇರುವ ತನಕ ಜನ ಬರುತ್ತಲೇ ಇರುತ್ತಿದ್ದರು. ಮೋಂಘಿ ಅಂಗಳದ ಬೇವಿನ ಮರದ ಕೆಳಗೆ ಹಗ್ಗದ ಮಂಚ ಹಾಕಿಕೊಂಡು ಕೂತಿರುತ್ತಿದ್ದಳು. ಬಂದವರು ಅವಳಿಗೊಂದು ಕೈ ಮುಗಿದು, ಅವಳ ತಲೆಯ ಮೇಲಿಂದ ಬಾಗಿಲ ಕಡೆ ಕತ್ತು ಚಾಚಿ ಕೇಳುತ್ತಿದ್ದರು.

"ದಕ್ಷಾಬೆನ್ ಅದಾರೇನ್ರಿ?"

ಅಕ್ಕ ಎನ್ನುವ ಹಾಗೆ ಜನ ‘ಬೆನ್’ ಸೇರಿಸಿ ಕರೆಯುವ ದಕ್ಷಾ ಅವಳ ಸೊಸೆ. ಆ ಮಾತು ಕಿವಿಗೆ ಬಿದ್ದಾಗಲೆಲ್ಲ ಮೋಂಘಿಗೆ ಒಣ ಮೆಣಸಿನಕಾಯಿ ಕಚ್ಚಿದ ಹಾಗಾಗುತ್ತಿತ್ತು. ಒಂದು ಕಾಲದಲ್ಲಿ ಇದೇ ಅಂಗಳಕ್ಕೆ ಜನ ಅವಳನ್ನು ಕೇಳಿಕೊಂಡು ಬರುತ್ತಿದ್ದರು. ಅವಳು ಸೂಲಗಿತ್ತಿ. ಕೇರಿಯ ಅರ್ಧಕ್ಕರ್ಧ ಜನ ಅವಳ ಕೈಯಲ್ಲೇ ಹುಟ್ಟಿದ್ದು. ಊರಿನ ಜಮೀನುದಾರ ಜಾತಿಯವರಾದ ಪಟೇಲರ ಮನೆಗಳಿಗೂ ಅವಳೇ ಬೇಕಾಗಿತ್ತು. ದನದ ಕೊಟ್ಟಿಗೆಯ ಕಡೆಯಿಂದ ಒಳಗೆ ಕರೆದು, ಕೆಲಸ ಮುಗಿದ ಮೇಲೆ ಕೋಣೆ ತೊಳೆಸಿಕೊಳ್ಳುತ್ತಿದ್ದರು. ಆಮೇಲೆ ಫೋನು ಮಾಡಿದರೆ ಆಸ್ಪತ್ರೆಯ ಗಾಡಿ ಬರುವ ಕಾಲ ಬಂತು. ಮೋಂಘಿಯ ಮಂಚಕ್ಕೆ ಬಿಡುವೋ ಬಿಡುವು.

ದಕ್ಷಾ ಮದುವೆಯಾಗಿ ಬಂದಾಗ ಹತ್ತನೇ ಇಯತ್ತೆ ಓದಿದ, ಮಾತು ಕಡಿಮೆಯ ಹುಡುಗಿ. ಸರ್ಕಾರ ಕೇರಿಯವರಿಗೆ ಕೊಟ್ಟ ನಿವೇಶನಗಳಲ್ಲಿ ಪಟೇಲರು ಬೇಲಿ ಹಾಕಿಕೊಂಡಿದ್ದರು. ಅದರ ಬಗ್ಗೆ ಒಂದು ಅರ್ಜಿ ಬರೆದುಕೊಟ್ಟಳು. ಅಲ್ಲಿಂದ ಹತ್ತಿದ ಹುಚ್ಚು ಇಳಿಯಲೇ ಇಲ್ಲ. ಸುರೇಂದ್ರನಗರದ ದಲಿತ ಸಂಘಟನೆಯವರು ಕರೆದು ಕಾನೂನು ಹೇಳಿಕೊಟ್ಟರು. ದೂರು ಬರೆದುಕೊಳ್ಳದ ಠಾಣೆಯೆದುರು ದಿನವಿಡೀ ಕೂತಳು. ಪಕ್ಕದ ಊರಿನಲ್ಲಿ ಪಟೇಲರು ಬೇಡವೆಂದರೂ ವಣಕರ ಹುಡುಗನೊಬ್ಬ ಕುದುರೆಯೇರಿ ಮದುವೆಗೆ ಹೊರಟಾಗ ಕುದುರೆಯ ಮುಂದೆ ಅವಳೇ ನಡೆದಳು. ಎಲ್ಲಿಂದಲೋ ತೂರಿ ಬಂದ ಕಲ್ಲು ಅವಳ ಹುಬ್ಬನ್ನು ಸೀಳಿತು. ಆ ಗಾಯಕ್ಕೆ ತಿಂಗಳುಗಟ್ಟಲೆ ಅರಿಶಿನ ಮೆತ್ತಿದವಳು ಮೋಂಘಿ. ಈಗ ಜನ ಆ ಕಲೆಯನ್ನು ನೋಡಿ ಕೈ ಮುಗಿಯುತ್ತಾರೆ. ಅರಿಶಿನ ಅರೆದವಳನ್ನು ಯಾರು ಕೇಳುತ್ತಾರೆ?

ಒಂದು ಬೆಳಗ್ಗೆ ದೂರದ ಊರಿನಿಂದ ಒಬ್ಬ ಮುದುಕ ನಡೆದುಕೊಂಡು ಬಂದ. ದಕ್ಷಾ ಹಿತ್ತಲಲ್ಲಿ ತಲೆಗೆ ನೀರು ಹಾಕಿಕೊಳ್ಳುತ್ತಿದ್ದಳು.

"ದಕ್ಷಾಬೆನ್..."

"ಇಲ್ಲ," ಎಂದಳು ಮೋಂಘಿ, ಬೆಳ್ಳುಳ್ಳಿ ಸುಲಿಯುತ್ತಾ.

"ಯಾವಾಗ ಬರ್ತಾರ್ರಿ?"

"ಆಕಿ ನನಗೇನು ಹೇಳಿ ಹೋಗ್ತಾಳೇನಪ್ಪಾ? ದೊಡ್ಡಾಕಿ."

ಮುದುಕ ಒಂದು ತಂಬಿಗೆ ನೀರು ಕುಡಿದು ವಾಪಸು ಹೋದ. ಸಂಜೆ ಅವನೂರಿನಿಂದ ಫೋನು ಬಂದಾಗ ಎಲ್ಲರೂ ಉಣ್ಣುತ್ತಿದ್ದರು. ಮೋಂಘಿಯ ಮಗ ಕರ್ಸನ್ ಛಕಡಾ ಓಡಿಸುವವನು. ಮೂರು ಗಾಲಿಯ ಆ ಗಾಡಿಯ ಸದ್ದು ಕೇಳಿ ಕೇಳಿ ಅವನು ಮನೆಯಲ್ಲೂ ಗಟ್ಟಿಯಾಗಿಯೇ ಮಾತಾಡುತ್ತಿದ್ದ.  ದಕ್ಷಾ ಫೋನು ಕೆಳಗಿಟ್ಟು ಅತ್ತೆಯ ಕಡೆ ತಿರುಗಿದಳು.

"ಅತ್ತಿ, ನಾ ಹಿತ್ತಲದಾಗ ಇದ್ನಲ್ಲ? ಮೊಮ್ಮಗಳ ಮ್ಯಾಲ ಕೈ ಮಾಡ್ಯಾರಂತ ಹೇಳಾಕ ಬಂದಿದ್ದ ಆ ಅಜ್ಜ."

"ನಿನ್ನ ತಲಿ ಹಸಿ ಇತ್ತು. ಹಸಿ ತಲೀಲೆ ಪಂಚಾಯ್ತಿಗೆ ಹೋಗ್ತಿದ್ದೇನು?"

"ಹೋಗ್ತಿದ್ದೆ."

"ಹೋಗು. ಒಲಿ ಮುಂದ ಒಂದಿನ ಕೂತಿದ್ರ ಹೇಳು. ರೊಟ್ಟಿ ಬಡಿಯಾಕ ನಾನು, ಪೇಪರಿನ್ಯಾಗ ಫೋಟೋಕ್ಕ ನೀನು."

"ಅವ್ವಾ, ಉಣಾಕ ಬಿಡು," ಎಂದ ಕರ್ಸನ್.

"ನಿನಗೇನಪ್ಪಾ, ಹೇಂತಿ ಬುತ್ತಿ ಡಬ್ಬಿ ಹೊತ್ಕೊಂಡು ಆಕಿ ಹಿಂದ ತಿರಗಾಂವ. ಉಣ್ಣು."

ದಕ್ಷಾಳ ನಾಲ್ಕು ವರ್ಷದ ಮಗಳು ಹೀರಲ್ ಅಜ್ಜಿಯ ತಾಟಿನಿಂದ ಬೆಲ್ಲದ ಚೂರು ಎತ್ತಿಕೊಂಡು ಬಾಯಿಗೆ ಹಾಕಿಕೊಂಡಳು. ಆ ಮನೆಯಲ್ಲಿ ಅಜ್ಜಿಯನ್ನು ಬಿಟ್ಟು ಇನ್ಯಾರನ್ನೂ ಹುಡುಕದವಳು ಅವಳೊಬ್ಬಳೇ.

ಬೇಸಿಗೆ ಕಳೆದ ಮೇಲೆ ದಕ್ಷಾ ಹೊಸದೊಂದು ಕೆಲಸ ಹಚ್ಚಿಕೊಂಡಳು. ಊರಿನ ಅಂಗನವಾಡಿಗೆ ಸಹಾಯಕಿ ಬೇಕಾಗಿತ್ತು. ಮನೆಮನೆಗೆ ಹೋಗಿ ಮಕ್ಕಳನ್ನು ಕೈಹಿಡಿದು ಕರೆತರಬೇಕು, ಅಡುಗೆ ಮಾಡಿ ಬಡಿಸಬೇಕು. ಆ ಕೆಲಸಕ್ಕೆ ಕಂಕು ಅರ್ಜಿ ಹಾಕಿದಳು. ಕಂಕು ಊರಿನ ಬೀದಿ ಗುಡಿಸುವ ವಾಲ್ಮೀಕಿಗಳ ಹೆಣ್ಣುಮಗಳು, ಗಂಡನಿಲ್ಲದವಳು, ಏಳನೇ ಇಯತ್ತೆ ಓದಿದವಳು. ವಣಕರು ಊರಿನ ಹೊರಗಿದ್ದರೆ ವಾಲ್ಮೀಕಿಗಳು ವಣಕರಿಗೂ ಹೊರಗೆ, ಬಳ್ಳಾರಿ ಜಾಲಿಯ ಪೊದೆಗಳಾಚೆ. ಪಟೇಲರು ವಣಕರಿಗೆ ಏನು ಮಾಡುತ್ತಿದ್ದರೋ ವಣಕರು ಅವರಿಗೆ ಅದನ್ನೇ ಮಾಡುತ್ತಿದ್ದರು. ಅದನ್ನು ಮಾತ್ರ ಯಾರೂ ಬಾಯಿ ಬಿಟ್ಟು ಹೇಳುತ್ತಿರಲಿಲ್ಲ.

ದಕ್ಷಾ ಅವಳ ಜೊತೆ ತಾಲೂಕಿಗೆ ಓಡಾಡಿದಳು. ಆದೇಶ ಬಂದ ದಿನ ಕಂಕು ಸುದ್ದಿ ಹೇಳಲು ಬಂದು ಅಂಗಳದ ಕಟ್ಟೆಯ ತುದಿಯಲ್ಲಿ ಕೂತಳು. ದಕ್ಷಾ ಹೋಗಿ ಅವಳ ಪಕ್ಕದಲ್ಲೇ ಕೂತಳು. ಒಳಗೆ ರೊಟ್ಟಿ ಬಡಿಯುತ್ತಿದ್ದ ಮೋಂಘಿಗೆ ಮಾತು ಕೇಳುತ್ತಿತ್ತು.

"ಸಂದರ್ಶನಕ್ಕ ಕುಂತಿದ್ದ ಆ ಪಟೇಲ ಕೇಳಿದ, ನಿನಗ ಏನು ಅಡಿಗಿ ಬರ್ತೈತಿ ಅಂತ," ಎನ್ನುತ್ತಿದ್ದಳು ಕಂಕು. "ನಾ ಅಂದೆ, ಸಾಹೇಬ್ರ, ಇಪ್ಪತ್ತು ವರ್ಷ ನಿಮ್ಮ ಮನಿ ಮುಸುರಿ ಹೊರಗ ಚೆಲ್ಲೀನಿ. ನಿಮ್ಮ ಮನ್ಯಾಗ ಏನೇನು ಮಾಡ್ತಾರ, ಅದರಾಗ ಉಪ್ಪು ಎಷ್ಟು ಹೆಚ್ಚಾಗಿರ್ತೈತಿ, ಎಲ್ಲಾ ಗೊತ್ತೈತಿ."

ದಕ್ಷಾ ಬಿದ್ದು ಬಿದ್ದು ನಕ್ಕಳು. ಉಸಿರು ಸಿಗದೆ, ಕಂಕುವಿನ ಭುಜ ಹಿಡಿದುಕೊಂಡು ನಕ್ಕಳು. ಮೋಂಘಿಯ ಕೈ ಹಿಟ್ಟಿನ ಮೇಲೆಯೇ ನಿಂತಿತು. ಹನ್ನೆರಡು ವರ್ಷದಲ್ಲಿ ಈ ಮನೆಯ ಒಲೆಯ ಮುಂದೆ ಅಂಥ ನಗು ಕೇಳಿರಲಿಲ್ಲ. ಸೊಸೆಗೆ ನಗಲು ಬರುತ್ತದೆಂದೇ ಅವಳಿಗೆ ಗೊತ್ತಿರಲಿಲ್ಲ. ಹೆಂಚಿನ ಮೇಲಿನ ರೊಟ್ಟಿ ಕರಕಾಯಿತು.

ಕಂಕು ಕೆಲಸಕ್ಕೆ ಸೇರಿದ ಮೊದಲ ದಿನವೇ ಪಟೇಲರ ಮಕ್ಕಳು ಬರುವುದು ನಿಂತಿತು. ದಕ್ಷಾ ಅದಕ್ಕೆ ತಯಾರಾಗಿಯೇ ಇದ್ದಳು. ಆದರೆ ಆ ವಾರ ಮುಗಿಯುವುದರೊಳಗೆ ವಣಕರ ಕೇರಿಯ ಮಕ್ಕಳೂ ನಿಂತವು. ಒಂದಕ್ಕೆ ಕೆಮ್ಮು, ಒಂದಕ್ಕೆ ಹೊಟ್ಟೆನೋವು, ಒಂದು ಸೋದರಮಾವನ ಊರಿಗೆ ಹೋಗಿತ್ತು. ಕಂಕು ಬೆಳಗ್ಗೆ ಕೇರಿಯ ಬಾಗಿಲು ಬಾಗಿಲಿಗೂ ಹೋಗಿ ಬರಿಗೈಯಲ್ಲಿ ತಿರುಗಿ ಬರುತ್ತಿದ್ದಳು.

"ಹೀರಲಗ ಜ್ವರ," ಎಂದಳು ಮೋಂಘಿ ತನ್ನ ಬಾಗಿಲಲ್ಲಿ ನಿಂತು.

"ಇಲ್ಲ ಅಜ್ಜಿ, ನನಗ ಜ್ವರ ಇಲ್ಲ!" ಹೀರಲ್ ಒಳಗಿನಿಂದ ಕೂಗಿದಳು. ಹಿಂದೆಯೇ ಬಂದ ದಕ್ಷಾ ಮಗಳನ್ನೆತ್ತಿ ಕಂಕುವಿನ ಕೈಗೆ ಕೊಟ್ಟಳು. ಅತ್ತೆಗೆ ಒಂದು ಮಾತೂ ಆಡಲಿಲ್ಲ. ಬೈದಿದ್ದರೆ ಮೋಂಘಿಗೆ ಅಷ್ಟು ಉರಿಯುತ್ತಿರಲಿಲ್ಲ.

ಮಧ್ಯಾಹ್ನ ಹೀರಲ್ ಬಾಯಿಗೆ ಸುಖಡಿ ಮೆತ್ತಿಕೊಂಡು ಬಂದಳು. ಗೋದಿಹಿಟ್ಟು, ಬೆಲ್ಲ, ತುಪ್ಪ ಹಾಕಿ ಮಾಡುವ ಸಿಹಿ. ದಕ್ಷಾ ಮನೆಯಲ್ಲಿರಲಿಲ್ಲ. ಮೋಂಘಿ ಹುಡುಗಿಯನ್ನು ಅಂಗಳದ ನಡುವೆ ನಿಲ್ಲಿಸಿ, ಕೇರಿಯವರೆಲ್ಲ ನೋಡುವ ಹಾಗೆ, ನೆತ್ತಿಯಿಂದ ಎರಡು ಕೊಡ ನೀರು ಸುರಿದಳು.

"ಅಜ್ಜಿ, ನಾಳೇನೂ ಹಾಕ್ತಿ?"

"ದಿನಾ ಹಾಕ್ತೀನಿ. ನಿಮ್ಮವ್ವಗ ಹೇಳಬ್ಯಾಡ. ಹೇಳಿದ್ರ ಬೆಲ್ಲ ಇಲ್ಲ."

ಛಕಡಾ ನಿಲ್ಲಿಸಿ ಇಳಿಯುತ್ತಿದ್ದ ಕರ್ಸನ್ ಇದನ್ನು ಕಂಡ. ಕಂಡೂ ಕಾಣದವನಂತೆ ಎಮ್ಮೆಗೆ ಮೇವು ಹಾಕಲು ಹೋದ.

ಆ ನೀರು ಸುರಿದದ್ದೇ ತಡ, ಕೇರಿಯ ಹೆಂಗಸರು ಮೋಂಘಿಯ ಮಂಚದ ಸುತ್ತ ನೆರೆದರು. ಎದುರು ಮನೆಯ ರೂಡಿ ಎಲ್ಲರಿಗಿಂತ ಮುಂದೆ. ಮೋಂಘಿಯ ಹಾಗೆ ರೂಡಿಯೂ ವಿಧವೆ, ಅವಳ ವಾರಿಗೆಯವಳು. ಇಬ್ಬರೂ ಒಂದೇ ವರ್ಷ ಈ ಕೇರಿಗೆ ಸೊಸೆಯಾಗಿ ಬಂದವರು.

"ಮೋಂಘಿ, ಹಿರ್ಯಾಕಿ ನೀನು," ಎಂದಳು ರೂಡಿ. "ನೀ ಒಂದು ಮಾತು ಹೇಳಿದ್ರ ಕೇರಿ ನಿಲ್ತೈತಿ. ನಿನ್ನ ಸೊಸಿ ನಮ್ಮ ಮಕ್ಕಳ ಬಾಯಿಗೆ ಏನು ಹಾಕಸಾಕತ್ತಾಳ, ನೋಡು."

"ನನ್ನ ಕೇಳಿ ಮಾಡ್ತಾಳೇನು ಆಕಿ?"

"ನಿನ್ನ ಕೇಳಬೇಕಾಗಿತ್ತು."

ಎಷ್ಟೋ ವರ್ಷದಿಂದ ಕೇಳದ ಮಾತು. ಮೋಂಘಿ ಎದ್ದು ಚಹಾ ಇಟ್ಟಳು. ಮರುದಿನವೂ ಇಟ್ಟಳು. ದಿನಾ ಮಧ್ಯಾಹ್ನ ಮಂಚದ ಸುತ್ತ ಸಭೆ. ನಡುವೆ ಮೋಂಘಿ, ತೊಡೆಯ ಮೇಲೆ ತಲೆ ಒದ್ದೆಯಾದ ಹೀರಲ್. ಯಾರು ಮಕ್ಕಳನ್ನು ಕಳಿಸಬಾರದು, ಕಂಕು ಬಂದರೆ ಏನು ಹೇಳಬೇಕು, ಎಲ್ಲ ಅವಳ ಬಾಯಿಂದಲೇ ಹೊರಡಬೇಕು. ಸಂಜೆ ದಕ್ಷಾ ದಣಿದು ಬಂದರೆ ಮನೆಯಲ್ಲಿ ಒಂದು ಹನಿ ಹಾಲಿರುತ್ತಿರಲಿಲ್ಲ.

"ಹಾಲು ಎಲ್ಲಿ ಹೋತು ಅತ್ತಿ?"

"ನನ್ನ ಕೇಳ್ಕೊಂಡು ಜನ ಬಂದಿದ್ರು," ಎಂದಳು ಮೋಂಘಿ. ಆ ಮಾತನ್ನು ಬೆಲ್ಲದ ಹಾಗೆ ಬಾಯಲ್ಲಿಟ್ಟುಕೊಂಡು ಕರಗಿಸಿದಳು.

ದಕ್ಷಾ ಒಂದು ಸಂಜೆ ತಾನೇ ಸಭೆ ಕರೆದಳು. ಚಾಪೆ ಹಾಸಿ ಕಾದಳು. ಯಾರೂ ಬರಲಿಲ್ಲ, ಎಲ್ಲರೂ ಎದುರು ರೂಡಿಯ ಅಂಗಳದಲ್ಲಿ ಕೂತು ಇತ್ತ ನೋಡುತ್ತಿದ್ದರು. ದಕ್ಷಾ ರಸ್ತೆಯ ನಡುವೆ ಹೋಗಿ ನಿಂತಳು.

"ಪಟೇಲರ ಮದುವ್ಯಾಗ ನಮ್ಮನ್ನ ಬ್ಯಾರೆ ಸಾಲಿನ್ಯಾಗ ಕೂಡಿಸಿದಾಗ ನಾ ಜಗಳಾ ಮಾಡಿದ್ದು ಯಾವ ಬಾಯಿಲೆ? ಅದ ಬಾಯಿಲೆ ಈಗೂ ಕೇಳಾಕತ್ತೀನಿ. ಕಂಕು ಮಾಡಿದ್ದು ತಿಂದ್ರ ಏನಾಗ್ತೈತಿ?"

"ನೀ ತಿನ್ನವಾ," ಎಂದಳು ರೂಡಿ. "ನಿನಗ ಯಾರೂ ಬ್ಯಾಡ ಅಂದಿಲ್ಲ. ನಾಳೆ ನಿನ್ನ ಮಗಳಿಗೆ ಗಂಡು ಎಲ್ಲಿಂದ ತರ್ತಿ, ಅದನ್ನ ಹೇಳು."

ಹೆಂಗಸರು ನಕ್ಕರು. ಮೋಂಘಿಯೂ ಅವರ ನಡುವೆ ಕೂತು ಸೊಸೆಯ ಮುಖ ನೋಡಿದಳು. ದಕ್ಷಾ ತಿರುಗಿ ಹೋಗಿ ಚಾಪೆ ಸುತ್ತಿಟ್ಟಳು. ಗೆದ್ದ ಖುಷಿ ಮೋಂಘಿಗೆ ರೂಡಿಯ ಅಂಗಳದಿಂದ ತನ್ನ ಅಂಗಳಕ್ಕೆ ಬರುವಷ್ಟರಲ್ಲಿ ಅರ್ಧ ಇಳಿದಿತ್ತು. ಉಳಿದರ್ಧವನ್ನು ಇಳಿಯಲು ಬಿಡಲಿಲ್ಲ.

ಕರ್ಸನ್‌ನ ಗಾಡಿಗೆ ಕೇರಿಯವರು ಹತ್ತುವುದು ಕಡಿಮೆಯಾಯಿತು. ಉಣ್ಣುವಾಗ ಅವನು ಹೆಂಡತಿಗೆ ಹೇಳಿದ, "ಪಟೇಲರ ಕೂಡ ಜಗಳಾಡು, ನಾ ನಿನ್ನ ಹಿಂದ ಅದೀನಿ. ನಮ್ಮವರ ಕೂಡ ಹ್ಯಾಂಗ ಆಡೂದು?"

"ನಮ್ಮವರ ಕೂಡ ಆಡದಿದ್ರ ಪಟೇಲರ ಕೂಡ ಆಡಾಕ ನನಗ ನಾಚಿಕಿ ಆಗ್ತೈತಿ ಅಲ್ಲ?"

"ಹೊಟ್ಟಿಗೆ ಹಾಕೋ ರೊಟ್ಟಿಗೆ ನಾಚಿಕಿ ಇರೂದಿಲ್ಲ," ಎಂದಳು ಮೋಂಘಿ ಒಲೆಯ ಕಡೆಯಿಂದ. 

ಇಷ್ಟಾಗುವಾಗ ಊರಿನ ಪಂಚಾಯ್ತಿಯ ಮುಖ್ಯಸ್ಥ, ಸರಪಂಚ ಜೀವರಾಜ ಪಟೇಲ ಸುಮ್ಮನಿರುತ್ತಾನೆಯೇ? ಕಂಕು ಬೇಡವೆಂದು ಪಟೇಲರಷ್ಟೇ ಹೇಳಿದರೆ ಅದು ಕೇಸಾಗುತ್ತದೆ; ವಣಕರೇ ಹೇಳಿದರೆ? ತಾಲೂಕಿನ ಅಂಗನವಾಡಿ ಅಧಿಕಾರಿ ಮೇಡಂ ವಿಚಾರಣೆಗೆ ಬರುವ ದಿನ ಗೊತ್ತಾಯಿತು. ಕೇರಿಯ ಪರವಾಗಿ ಒಬ್ಬ ಹಿರಿಯ ಹೆಂಗಸು ಮಾತಾಡಬೇಕು, ಸರಪಂಚನ ಕಾರೇ ಬಂದು ಕರೆದುಕೊಂಡು ಹೋಗುತ್ತದೆ ಎಂದು ಸುದ್ದಿ ಹರಡಿತು.

ಹಿರಿಯ ಹೆಂಗಸೆಂದರೆ ಇನ್ಯಾರು? ಮೋಂಘಿ ಬಿಳಿ ಸೀರೆ ಒಗೆದು ಹಾಕಿದಳು. ಬೆಳಗ್ಗೆಯೇ ಉಟ್ಟು, ತಲೆಗೆ ಎಣ್ಣೆ ಹಚ್ಚಿ, ಮಂಚದ ಮೇಲೆ ಕೂತಳು. ದಕ್ಷಾ ಹೊರಡುವಾಗ ಒಂದು ಕ್ಷಣ ನಿಂತು ಆ ಸೀರೆಯನ್ನು ನೋಡಿದಳು.

"ಬರ್ತೀನಿ ಅತ್ತಿ."

"ಹೂಂ. ಅಲ್ಲೇ ಸಿಗ್ತೀನಿ."

ಕಾರು ಬಂತು. ಬೇವಿನ ಮರದ ಹತ್ತಿರ ನಿಧಾನವಾಯಿತು. ಮೋಂಘಿ ಎದ್ದು ಸೆರಗು ಸರಿಮಾಡಿಕೊಂಡಳು. ಕಾರು ಎದುರು ಬದಿಗೆ ಹೊರಳಿ ರೂಡಿಯ ಮನೆಯೆದುರು ನಿಂತಿತು. ರೂಡಿಯೂ ಬಿಳಿ ಸೀರೆ ಉಟ್ಟಿದ್ದಳು. ಮುಂದಿನ ಸೀಟಿನಲ್ಲಿ ಕೂತು, ಗಾಜಿನಾಚೆಯಿಂದ ಮೋಂಘಿಯನ್ನು ನೋಡಿ, ಇಬ್ಬರ ನಡುವೆ ಏನೂ ಆಗಿಲ್ಲವೆಂಬಂತೆ ತಲೆಯಾಡಿಸಿದಳು.

"ನಿನ್ನನ್ನ ಯಾಕ ಕರೀಲಿಲ್ಲ ಮೋಂಘಿಮಾ?" ಪಕ್ಕದ ಮನೆಯ ಹೆಂಗಸು ಕೇಳಿದಳು.

ಕಾರಿನ ಡ್ರೈವರೇ ಉತ್ತರ ಕೊಟ್ಟ. "ಆಕಿ ದಕ್ಷಾಬೆನ್ ಅತ್ತಿ. ಸಾಹೇಬ್ರಿಗೆ ನಂಬಿಕಿ ಇಲ್ಲ."

ಮೋಂಘಿ ಹೀರಲಳನ್ನು ಸೊಂಟಕ್ಕೇರಿಸಿಕೊಂಡು ದಾಪುಗಾಲಿನಲ್ಲಿ ನಡೆದಳು. ಕಾರಿನ ಧೂಳು ಬಾಯಿಗೆ ನುಗ್ಗುತ್ತಿತ್ತು. ದಕ್ಷಾಳ ಅತ್ತೆ! ತಿಂಗಳಿನಿಂದ ಸೊಸೆಯ ವಿರುದ್ಧ ಕೇರಿಯನ್ನು ಕಟ್ಟಿದ್ದು ತಾನು. ನೀರು ಸುರಿದದ್ದು ತಾನು. ಹಾಲು ಖರ್ಚಾದದ್ದು ತನ್ನ ಎಮ್ಮೆಯದು. ಕುರ್ಚಿ ಮಾತ್ರ ರೂಡಿಗೆ. ಒಳ್ಳೆಯದಕ್ಕೆ ಹೋದರೂ ಕೆಟ್ಟದ್ದಕ್ಕೆ ಹೋದರೂ ಆ ಹುಡುಗಿಯ ಹೆಸರೇ ಮುಂದೆ ಬಂದು ನಿಲ್ಲುತ್ತದೆ!

ಅಂಗನವಾಡಿಯ ಅಂಗಳದಲ್ಲಿ ಊರೇ ಸೇರಿತ್ತು. ಮೇಡಂ ಮೇಜಿನ ಹಿಂದೆ ಕೂತಿದ್ದರು. ಪಕ್ಕದಲ್ಲಿ ಸರಪಂಚ. ಎದುರು ಕುರ್ಚಿಯಲ್ಲಿ ರೂಡಿ, ಜನ್ಮದಲ್ಲಿ ಮೊದಲ ಸಲ ಪಟೇಲರ ಸಮಕ್ಕೆ ಕೂತವಳು, ಬೆನ್ನು ಆನಿಸಲು ಧೈರ್ಯವಾಗದೆ ತುದಿಯಲ್ಲಿ. ಕಂಕು ಅಡುಗೆಮನೆಯ ಬಾಗಿಲಲ್ಲಿ ನಿಂತಿದ್ದಳು. ಅವಳ ಪಕ್ಕ ದಕ್ಷಾ.

"ನಮ್ಮ ಕೇರ್ಯಾಗ ಯಾರಿಗೂ ಈಕಿ ಬ್ಯಾಡ," ಎಂದಳು ರೂಡಿ. "ನಾವೂ ಮರ್ಯಾದಿ ಇದ್ದ ಮಂದಿ."

"ನನ್ನ ಮಗಳು ದಿನಾ ಇಲ್ಲೇ ಉಣ್ತಾಳ ಮೇಡಂ," ಎಂದಳು ದಕ್ಷಾ. "ಕೇರಿ ಅಂದ್ರ ನಾವೂ ಕೇರಿನ."

ಸರಪಂಚ ಮೆಲ್ಲಗೆ ನಕ್ಕ. "ಉಣ್ತಾಳ, ಹೌದು. ಉಂಡು ಮನಿಗೆ ಹೋದ ಕೂಡಲೆ ಏನಾಗ್ತೈತಿ, ಅದನ್ನೂ ಹೇಳು ದಕ್ಷಾಬೆನ್. ನಿನ್ನ ಅತ್ತಿ ಅಂಗಳದಾಗ ನಿಲ್ಲಿಸಿ ಎರಡು ಕೊಡ ನೀರು ಹಾಕಿ ಮಡಿ ಮಾಡ್ಕೋತಾಳ. ಕೇರಿಗೆಲ್ಲಾ ಗೊತ್ತೈತಿ. ನಿನ್ನ ಮನ್ಯಾಗ ನಡಿಯಲಾರದ್ದನ್ನ ಊರಿಗೆ ಕಲಿಸಾಕ ಬಂದಿಯೇನು?"

ನಗೆ ಹರಿದಾಡಿತು.  ಠಾಣೆಯಲ್ಲಿ, ಕೋರ್ಟಿನಲ್ಲಿ ಸೋಲದ ದಕ್ಷಾಳ ಮುಖ ಕೆಂಪಗಾಗಿ ನೆಲ ನೋಡಿತು. ಕಂಕು ದಕ್ಷಾಳಿಂದ ಒಂದು ಹೆಜ್ಜೆ ಸರಿದು ನಿಂತಳು.

"ಅದು ಖರೇನ ಏನು?" ಮೇಡಂ ಕೇಳಿದರು. "ಆ ಅತ್ತಿ ಯಾರು?"

"ನಾನು."

ಜನ ದಾರಿ ಬಿಟ್ಟರು. ಮೋಂಘಿ ಮುಂದೆ ಬಂದಳು. ಹೀರಲ್ ಸೊಂಟದ ಮೇಲೆ, ಸೆರಗು ಧೂಳು.

"ಹುಡುಗಿಗೆ ನೀರು ಹಾಕ್ತೀರೇನಮ್ಮಾ?"

"ಹಾಕ್ತೀನಿ. ನನ್ನ ಮೊಮ್ಮಗಳು, ದಿನಾ ಸ್ನಾನಾ ಮಾಡಸ್ತೀನಿ. ಯಾಕ, ಪಟೇಲರ ಮನ್ಯಾಗ ಹುಡುಗೂರಿಗೆ ಸ್ನಾನಾ ಮಾಡಸೂದಿಲ್ಲೇನು?"

ಹಿಂದಿನ ಸಾಲಿನಲ್ಲಿ ಯಾರೋ ಫಕ್ಕನೆ ನಕ್ಕರು. ಸರಪಂಚನ ಮುಖ ಬಿಗಿಯಿತು. "ಮೋಂಘಿಮಾ, ಸುಳ್ಳು ಹೇಳಬ್ಯಾಡ. ನೀ ಯಾಕ ಹಾಕ್ತಿ ಅಂತ ನಮಗ..."

"ನನ್ನ ಮನಿ ಬಚ್ಚಲದ ಮಾತು ಆಡಾಕ ನೀ ಯಾರೋ? ನಿನ್ನ ಹೊಕ್ಕುಳಬಳ್ಳಿ ಕೊಯ್ದಾಕಿ ನಾನು. ಅವತ್ತ ಈ ಕೈ ಬ್ಯಾಡ ಅಂತ ನಿಮ್ಮವ್ವ ಅಂದಿದ್ರ ಇವತ್ತ ಈ ಕುರ್ಚಿಮ್ಯಾಲ ಯಾರು ಇರ್ತಿದ್ರು?" ಅವಳು ರೂಡಿಯ ಕಡೆ ತಿರುಗಿದಳು. "ನೀನೂ. ಕಾರಿನ್ಯಾಗ ಬಂದಿ ಅಲ್ಲ, ಹೋಗೂ ಮುಂದ ಅದ ಕಾರಿನ್ಯಾಗ ಕಳಸ್ತಾರೋ ನಡಸ್ತಾರೋ ನೋಡೂಣು. ಕಂಕೂ! ಏನು ಮಾಡೀದಿ ಇವತ್ತ?"

"ಸುಖಡಿ."

"ತಾ."

ಕಂಕು ದಕ್ಷಾಳನ್ನು ನೋಡಿದಳು.  ಕಂಕು ಒಂದು ತಟ್ಟೆಯಲ್ಲಿ ತುಂಡು ತಂದು, ಕೈಗೆ ಕೊಡದೆ ಮೇಜಿನ ತುದಿಯಲ್ಲಿಟ್ಟಳು. ಮೋಂಘಿ ರೂಡಿಯ ಮುಖವನ್ನೇ ನೋಡುತ್ತಾ ತುಂಡನ್ನು ಬಾಯಿಗೆ ಹಾಕಿಕೊಂಡಳು. ಅಗಿದಳು. ಆದರೆ ನುಂಗಲು ಹೋದಾಗ ಗಂಟಲು ಒಪ್ಪಲಿಲ್ಲ. ಅರವತ್ತೈದು ವರ್ಷ ಇಂಥವರ ಕೈಯದು ತಿನ್ನಬಾರದೆಂದು ಕಲಿತ ಗಂಟಲು. ಕಣ್ಣಲ್ಲಿ ನೀರು ಬಂತು. ಊರೆಲ್ಲ ನೋಡುತ್ತಿತ್ತು. ರೂಡಿಯ ತುಟಿಯಲ್ಲಿ ನಗು ಮೂಡುತ್ತಿತ್ತು. ಆ ನಗು ಕಂಡದ್ದೇ ತಡ, ಮೋಂಘಿ ಗಟಕ್ಕನೆ ನುಂಗಿದಳು.

"ಬೆಲ್ಲ ಕಮ್ಮಿ," ಎಂದಳು. "ಇನ್ನೊಂದು ಕೊಡು."

ಯಾರೋ ಫೋನಿನಲ್ಲಿ ಫೋಟೋ ತೆಗೆದರು. ಮೇಡಂ ಕಾಗದ ಮುಚ್ಚಿ, ಕೇರಿಯಲ್ಲಿ ಒಮ್ಮತವಿಲ್ಲ, ಕಂಕು ಸದ್ಯಕ್ಕೆ ಮುಂದುವರಿಯಲಿ ಎಂದು ಹೇಳಿ ಜೀಪು ಹತ್ತಿದರು.

ಮನೆಗೆ ಬಂದ ಮೇಲೆ ಸೊಸೆ ಕೃತಜ್ಞತೆ ಹೇಳಿಯಾಳು ಎಂದು ಮೋಂಘಿ ಕಾದಳು. ದಕ್ಷಾ ಹೀರಲಳ ಬಟ್ಟೆ ಬದಲಿಸಿ, ಬಾಗಿಲಿಗೆ ಬಂದು ನಿಂತಳು.

"ನೀರು ಹಾಕಿದ್ದು ಖರೇನ?"

"ಖರೆ."

"ಎಷ್ಟು ದಿನದಿಂದ?"

"ಮೊದಲನೇ ದಿನದಿಂದ."

ದಕ್ಷಾ ಗಂಡನ ಕಡೆ ತಿರುಗಿದಳು. "ನಿಮಗ ಗೊತ್ತಿತ್ತು."

ಕರ್ಸನ್ ಗಾಡಿಯ ಬೀಗದ ಕೈ ಬೆರಳಲ್ಲಿ ತಿರುಗಿಸಿದ. "ಜಗಳ ಬ್ಯಾಡ ಅಂತ..."

"ಕಂಕು ಮುಖ ನೋಡಿದ್ರೇನು ನೀವು? ನನ್ನ ಬಾಜು ನಿಂತಾಕಿ ಸರಿದು ನಿಂತಳು. ಕಲ್ಲು ಬಿದ್ದಾಗೂ ಇಷ್ಟು ನೋವಾಗಿರಲಿಲ್ಲ." ಅವಳು ಆ ರಾತ್ರಿ ಉಣ್ಣಲಿಲ್ಲ. ಮೋಂಘಿ ಅವಳ ಪಾಲಿನ ರೊಟ್ಟಿಯನ್ನು ಮುಚ್ಚಿಟ್ಟಳು. ಬೆಳಗ್ಗೆ ಎಮ್ಮೆಗೆ ಹಾಕಿದಳು.

ಮರುದಿನ ಕಂಕು ಎಂದಿನಂತೆ ಹೀರಲಳನ್ನು ಕರೆಯಲು ಬಂದಳು. ಮೋಂಘಿ ಮಂಚದಿಂದ ಎದ್ದು, ಎದೆ ಗಟ್ಟಿ ಮಾಡಿಕೊಂಡು ಹೇಳಿದಳು, "ಒಳಗ ಬಾ. ಚಾ ಕುಡದು ಹೋಗು."

"ಇವತ್ತ ಬ್ಯಾಡ ಮೋಂಘಿಮಾ," ಎಂದಳು ಕಂಕು. ದನಿಯಲ್ಲಿ ಸಿಟ್ಟಿರಲಿಲ್ಲ, ಬಗ್ಗುವಿಕೆಯೂ ಇರಲಿಲ್ಲ. "ನಿನ್ನೆ ನೀವು ನನ್ನ ಸಲುವಾಗಿ ತಿಂದ್ರೋ ರೂಡಿಮಾನ ಸಲುವಾಗಿ ತಿಂದ್ರೋ, ನನಗ ತಿಳೀತೈತಿ. ನಾ ಹುಡುಗಿನ್ನ ಕರ್ಕೊಂಡು ಹೋಗಾಕ ಬಂದೀನಿ. ಆ ಕೆಲಸಕ್ಕ ನನಗ ಪಗಾರ ಐತಿ."

ಅವಳು ಹೋದಳು. ಮೋಂಘಿಗೆ ಕೆನ್ನೆಗೆ ಹೊಡೆದ ಹಾಗಾಯಿತು. ಜೊತೆಗೇ, ಒಲೆಯ ಮುಂದೆ ಇವಳನ್ನು ಕೂರಿಸುವುದು ಇವತ್ತಿಗೆ ತಪ್ಪಿತು ಎಂದು ಹಾಯೆನಿಸಿದ್ದೂ ನಿಜ. ಮಧ್ಯಾಹ್ನ ಹೀರಲ್ ಬಂದು ಅಂಗಳದ ನಡುವೆ ತಾನಾಗಿಯೇ ನಿಂತು ನೀರಿಗೆ ಕಾದಳು. "ಒಳಗ ನಡಿ," ಎಂದು ಮೋಂಘಿ ಗದರಿದಳು.

ಕೇರಿಯ ಪಂಚರು ಅವರ ಮನೆಯನ್ನು ಹೊರಗಿಟ್ಟರು. ರೂಡಿಯ ಮೊಮ್ಮಗನ ನಿಶ್ಚಯಕ್ಕೆ ಕೇರಿಯ ಮನೆಮನೆಗೂ ಕರೆ ಹೋಯಿತು, ಇವರ ಬಾಗಿಲನ್ನು ದಾಟಿ. ಕರ್ಸನ್ ಉಪ್ಪಿನ ಗದ್ದೆಗಳ ಕಡೆಯ ದೂರದ ರಸ್ತೆಗೆ ಗಾಡಿ ಹಾಕಿದ. ಕತ್ತಲಾದ ಮೇಲೆ ಬಿಳಿ ಧೂಳು ಮೆತ್ತಿಕೊಂಡು ಬರುತ್ತಿದ್ದ. ಮಂಚದ ಸುತ್ತ ಈಗ ಯಾರೂ ಇಲ್ಲ. ಹಾಲು ಮಿಕ್ಕುತ್ತಿತ್ತು. ದಕ್ಷಾ ಆ ಹಾಲಿಗೆ ಹೆಪ್ಪು ಹಾಕಿ ಮಜ್ಜಿಗೆ ಕಡೆಯುತ್ತಿದ್ದಳು, ಅತ್ತೆಯ ಜೊತೆ ಬೇಕಾದಷ್ಟೇ ಮಾತು.

ಹೀಗೆ ಕೆಲವು ವಾರ ಕಳೆದವು. ಕೇರಿಯ ಇಬ್ಬರು ಮಕ್ಕಳು, ಆಮೇಲೆ ಇನ್ನೂ ಮೂವರು, ಕಂಕುವಿನ ಕೈಹಿಡಿದು ಅಂಗನವಾಡಿಗೆ ಹೋಗತೊಡಗಿದರು. ತಾಯಂದಿರು ಹತ್ತಿ ಬಿಡಿಸಲು ಹೋಗಬೇಕಾಗಿತ್ತು, ಮಕ್ಕಳನ್ನು ಎಲ್ಲಿ ಬಿಡುವುದು?

ಒಂದು ಬೆಳಗ್ಗೆ ಸುರೇಂದ್ರನಗರದಿಂದ ಜೀಪು ಬಂತು. ಸಂಘಟನೆಯವರು. ಕೈಯಲ್ಲಿ ಶಾಲು, ಹಾರ. ದಕ್ಷಾ ಕೈ ಒರೆಸಿಕೊಂಡು ಹೊರಗೆ ಬಂದಳು.

"ಬರ್ರಿ, ಬರ್ರಿ. ಹೇಳೇ ಇಲ್ಲ?"

"ದಕ್ಷಾಬೆನ್, ಅತ್ತಿಯವರು ಅದಾರೇನು?" ಎಂದ ಅವರ ಮುಖಂಡ. "ಆ ಫೋಟೋ ಊರೂರು ತಿರಗಾಕತ್ತೈತಿ. ಅವರಿಗೆ ಸನ್ಮಾನ ಮಾಡಾಕ ಬಂದೀವಿ."

ಮೋಂಘಿಯ ಹೆಗಲ ಮೇಲೆ ಶಾಲು ಬಿತ್ತು. ಹೀರಲಳನ್ನು ಕರೆದೊಯ್ಯಲು ಬಂದಿದ್ದ ಕಂಕುವನ್ನೂ ಪಕ್ಕದಲ್ಲಿ ನಿಲ್ಲಿಸಿದರು. ದಕ್ಷಾ ಎಲ್ಲರಿಗೂ ನೀರು ತಂದಳು. ಒಬ್ಬ ಹುಡುಗಿ ಫೋನು ಹಿಡಿದು ಕೇಳಿದಳು, "ಅಜ್ಜಿ, ಎಲ್ಲಾರೂ ಸಮ ಅನ್ನೋದು ನಿಮ್ಮ ಮನಸ್ಸಿಗೆ ಯಾವಾಗ ಬಂತು?"

ಮೋಂಘಿ ಶಾಲಿನ ಅಂಚು ಸವರಿದಳು. ದೊಡ್ಡ ಮಾತೊಂದು ಹೇಳಬಹುದಿತ್ತು. ಸೊಸೆಯ ಭಾಷಣ ಕೇಳಿ ಕೇಳಿ ಬಾಯಿಪಾಠವಾಗಿತ್ತು. ಪಕ್ಕದಲ್ಲಿ ನಿಂತ ಕಂಕು ಅವಳನ್ನೇ ನೋಡುತ್ತಿದ್ದಳು.

"ಸಮ ಗಿಮ ನನಗೇನು ಗೊತ್ತವ್ವಾ," ಎಂದಳು ಮೋಂಘಿ. "ರೂಡಿ ಕಾರಿನ್ಯಾಗ ಹೋಗಿ ಕುರ್ಚಿಮ್ಯಾಲ ಕುಂತಳು. ಹೊಟ್ಟಿ ಉರೀತು. ತಿಂದೆ. ಗಂಟಲದಾಗ ಇಳೀಲಿಲ್ಲ, ದೂಡಿದೆ. ಎರಡನೇ ತುಂಡು ಅಷ್ಟು ತ್ರಾಸು ಕೊಡಲಿಲ್ಲ."

ಹುಡುಗಿ ಫೋನು ಇಳಿಸಿದಳು. ಮುಖಂಡ ಕೆಮ್ಮಿದ. ಜೀಪು ಹೋದ ಮೇಲೂ ಕಂಕು ನಿಂತೇ ಇದ್ದಳು.

"ಈಗ ಚಾ ಮಾಡ್ರಿ ಮೋಂಘಿಮಾ," ಎಂದಳು. "ಕುಡದು ಹೋಗ್ತೀನಿ."

ಸಂಜೆ ಕರ್ಸನ್ ಕೈಕಾಲು ತೊಳೆಯುತ್ತಿದ್ದಾಗ ದಕ್ಷಾ ಅವನಿಗೆ ನೀರು ಹಾಕುತ್ತಾ ಹೇಳುತ್ತಿದ್ದ ಮಾತು ಒಲೆಯ ಮುಂದೆ ಕೂತ ಮೋಂಘಿಗೆ ಕೇಳಿತು.

"ಹನ್ನೆರಡು ವರ್ಷ ಓಡಾಡಿದಾಕಿ ನಾನು. ತಲಿ ಒಡಸ್ಕೊಂಡಾಕಿ ನಾನು. ಒಂದು ದಿನ ಒಂದು ಶಾಲು ಹಾಕ್ಯಾರೇನು ನನಗ? ಈಕಿ ಎರಡು ತುಂಡು ಸುಖಡಿ ತಿಂದಳು, ಜೀಪು ಬಂತು. ಅದೂ ಹೊಟ್ಟಿಕಿಚ್ಚಿಗೆ ತಿಂದಾಕಿ!"

"ಮೆಲ್ಲಗ," ಎಂದ ಕರ್ಸನ್. "ಕೇಳ್ತೈತಿ."

"ಕೇಳಲಿ."

ಮೋಂಘಿ ರೊಟ್ಟಿ ತಿರುವಿ ಹಾಕಿದಳು. ಮೂವರೂ ಉಣ್ಣಲು ಕೂತರು. ಬಿಸಿ ಸಜ್ಜೆ ರೊಟ್ಟಿ, ಬೆಳ್ಳುಳ್ಳಿ ಖಾರ. ದಕ್ಷಾ ತಲೆಯೆತ್ತದೆ ರೊಟ್ಟಿ ಮುರಿಯುತ್ತಿದ್ದಳು. ಮೋಂಘಿ ಅವಳ ಮುಖವನ್ನು ನೋಡಿದಳು.

"ಹೊಟ್ಟಿ ಉರೀತೈತೇನು?"

ಕರ್ಸನ್‌ನ ತುತ್ತು ಕೈಯಲ್ಲೇ ನಿಂತಿತು. ದಕ್ಷಾ ತಲೆಯೆತ್ತಿದಳು. ಅತ್ತೆಯ ಕಣ್ಣಿಗೆ ನೇರವಾಗಿ ಕಣ್ಣು ಕೊಟ್ಟಳು.

"ಹೂಂ. ಉರೀತೈತಿ."

"ಉರೀಲಿ. ನಂದು ಹನ್ನೆರಡು ವರ್ಷ ಉರದೈತಿ, ಸತ್ತೆನೇನು?" ಮೋಂಘಿ ಗಡಿಗೆಯನ್ನು ಹತ್ತಿರಕ್ಕೆ ಎಳೆದುಕೊಂಡಳು. "ಲೋಟ ಹಿಡಿ. ಮಜ್ಜಿಗಿ ಹಾಕ್ತೀನಿ."